ಬಾಗಿಲಿಗೆ ಪೋಲೀಸರ ಕಾವಲು, ಒಲೆಗೆ ಯಾರ ಕಾವಲು?

ಒಂದೇ ಗಲ್ಲಾಪೆಟ್ಟಿಗೆಯಿಂದ ಲಾಭ ಹಂಚಿಕೊಂಡ ಪಾಲುಗಾರರು ಮನಸ್ತಾಪ ಬಂದೊಡನೆ ಒಬ್ಬರ ಮೇಲೊಬ್ಬರು ದಾವೆ ಹೂಡುವುದು ಹೊಸ ಸಂಗತಿಯಲ್ಲ. ಒಬ್ಬನು ಅಂಗಡಿಗೆ ಬೀಗ ಜಡಿಯುವನು. ಇನ್ನೊಬ್ಬನು ಆ ಬೀಗವನ್ನು ಒಡೆಯಲು ಆಳುಗಳನ್ನು ಕರೆತರುವನು. ಮೊದಲನೆಯವನು ನ್ಯಾಯಾಲಯಕ್ಕೆ ಓಡಿ ತಡೆಯಾಜ್ಞೆಯನ್ನು ತರುವನು. ಆ ಆಜ್ಞೆಗೂ ಎದುರಾಳಿ ಬಗ್ಗದಿದ್ದಾಗ ಪೋಲೀಸರ ರಕ್ಷಣೆ ಬೇಕೆಂದು ಮತ್ತೊಂದು ಅರ್ಜಿ ಸಲ್ಲುವುದು. ಕೊನೆಗೆ ಠಾಣೆಯಿಂದ ಇಬ್ಬರು ಪೇದೆಗಳು ಬಂದು ಬಾಗಿಲಲ್ಲಿ ಬೆಂಚು ಹಾಕಿಕೊಂಡು ಕುಳಿತುಕೊಳ್ಳುವರು. ದಿಲ್ಲಿ, ಗುರುಗ್ರಾಮ, ನೋಯ್ಡಾಗಳ ವ್ಯಾಪಾರ ಬೆಳೆದಂತೆಲ್ಲ ಈ ಬಗೆಯ ವ್ಯಾಜ್ಯಗಳೂ ಬೆಳೆದಿವೆ.

ಇದು ಒಡೆಯರ ಜಗಳ, ನಮಗೇನು ಎಂದು ನಮ್ಮ ವಾಚಕರಲ್ಲಿ ಕೆಲವರು ಭಾವಿಸಬಹುದು. ಆದರೆ ಬಾಗಿಲು ಮುಚ್ಚಿದ ದಿನ ಒಳಗೆ ಇದ್ದವರು ಯಾರು? ಅಡಿಗೆಯ ಭಟ್ಟರು, ಮಾಣಿಗಳು, ಲೋಟ ತೊಳೆಯುವ ಹುಡುಗರು, ಗಲ್ಲಾದಲ್ಲಿ ಕುಳಿತವರು, ಲೆಕ್ಕ ಬರೆಯುವ ಗುಮಾಸ್ತರು. ಗಂಡ ಹೆಂಡಿರ ಜಗಳದಲ್ಲಿ ಕೂಸು ಬಡವಾಯಿತೆಂಬ ಗಾದೆ ಇಂಥ ಸಂದರ್ಭಕ್ಕೆಂದೇ ಹುಟ್ಟಿದಂತಿದೆ. ಆದುದರಿಂದ ಪೋಲೀಸರ ರಕ್ಷಣೆಯೆಂದರೆ ಏನು, ಅದರ ಎಲ್ಲೆ ಯಾವುದು, ಅದು ಯಾರನ್ನು ಕಾಯುತ್ತದೆ, ಯಾರನ್ನು ಕಾಯುವುದಿಲ್ಲ ಎಂಬುದನ್ನು ಇಂದು ಪರಾಮರ್ಶಿಸಲು ನಾವು ಬಯಸುತ್ತೇವೆ.

ರಾಜಧಾನಿಯ ಒಂದು ನಿದರ್ಶನ

ದಿಲ್ಲಿಯ ಉಪಾಹಾರ ಉದ್ಯಮದಲ್ಲಿ ಇತ್ತೀಚಿನ ದಶಕಗಳಲ್ಲಿ ನಡೆದ ದೊಡ್ಡ ವ್ಯಾಜ್ಯಗಳಲ್ಲಿ ಒಂದು ಮೆಕ್‌ಡೊನಾಲ್ಡ್ಸ್ ಸಂಸ್ಥೆಗೂ ಅದರ ಪಾಲುಗಾರ ವಿಕ್ರಮ್ ಬಕ್ಷಿಯವರಿಗೂ ನಡೆದುದು. 1995ರಲ್ಲಿ ಇಬ್ಬರೂ ಸಮಪಾಲಿನಲ್ಲಿ ಕನಾಟ್ ಪ್ಲಾಜಾ ರೆಸ್ಟೊರೆಂಟ್ಸ್ ಎಂಬ ಕಂಪನಿಯನ್ನು ಕಟ್ಟಿದರು. 1996ರಲ್ಲಿ ದಿಲ್ಲಿಯ ವಸಂತ ವಿಹಾರದಲ್ಲಿ ಮೊದಲ ಅಂಗಡಿ ತೆರೆಯಿತು. ಉತ್ತರ ಮತ್ತು ಪೂರ್ವ ಭಾರತದ ವ್ಯಾಪಾರವೆಲ್ಲ ಈ ಕಂಪನಿಯ ಕೈಯಲ್ಲಿತ್ತು. 2013ರ ಆಗಸ್ಟ್‌ನಲ್ಲಿ ಬಕ್ಷಿಯವರನ್ನು ವ್ಯವಸ್ಥಾಪಕ ನಿರ್ದೇಶಕ ಸ್ಥಾನದಿಂದ ಇಳಿಸಲಾಯಿತು. ಅವರು ಕಂಪನಿ ಕಾನೂನು ಮಂಡಳಿಯ ಮೊರೆ ಹೊಕ್ಕರು. ನಾಲ್ಕು ವರ್ಷಗಳ ತರುವಾಯ, 2017ರ ಜುಲೈ ತಿಂಗಳಲ್ಲಿ, ರಾಷ್ಟ್ರೀಯ ಕಂಪನಿ ಕಾನೂನು ನ್ಯಾಯಮಂಡಳಿಯು ಅವರನ್ನು ಮರಳಿ ಅದೇ ಸ್ಥಾನದಲ್ಲಿ ಕೂರಿಸಿತು. ಸರ್ವೋಚ್ಚ ನ್ಯಾಯಾಲಯದ ನಿವೃತ್ತ ನ್ಯಾಯಮೂರ್ತಿ ಜಿ. ಎಸ್. ಸಿಂಘ್ವಿಯವರನ್ನು ಆಡಳಿತಗಾರರಾಗಿ ನೇಮಿಸಿತು.

ತೀರ್ಪಿನಲ್ಲಿ ಗೆದ್ದರೂ ಅಂಗಡಿ ಉಳಿಯಲಿಲ್ಲ. ಅದಕ್ಕೆ ಕೆಲವೇ ದಿನ ಮೊದಲು, 2017ರ ಜೂನ್ ಕೊನೆಯಲ್ಲಿ, ಉಪಾಹಾರಗೃಹದ ಪರವಾನಗಿಗಳು ನವೀಕರಣವಾಗದೆ ದಿಲ್ಲಿಯ 55 ಅಂಗಡಿಗಳಲ್ಲಿ 43 ಮುಚ್ಚಿದ್ದವು. ಆಗಸ್ಟ್‌ನಲ್ಲಿ ಮೆಕ್‌ಡೊನಾಲ್ಡ್ಸ್ ಸಂಸ್ಥೆಯು 169 ಅಂಗಡಿಗಳಿಗೆ ಕೊಟ್ಟಿದ್ದ ಹೆಸರಿನ ಹಕ್ಕನ್ನು ರದ್ದುಗೊಳಿಸಿತು. ಸೆಪ್ಟೆಂಬರಿನಲ್ಲಿ ಲಂಡನ್ನಿನ ಪಂಚಾಯಿತಿ ನ್ಯಾಯಮಂಡಳಿಯು ಬಕ್ಷಿಯವರು ತಮ್ಮ ಪಾಲನ್ನು ಮಾರಬೇಕೆಂದು ಹೇಳಿತು. ಡಿಸೆಂಬರಿನಲ್ಲಿ ಸಾಮಗ್ರಿ ಒದಗಿಸುತ್ತಿದ್ದ ಸಂಸ್ಥೆಯು ಸರಬರಾಜನ್ನು ನಿಲ್ಲಿಸಿದುದರಿಂದ 80ಕ್ಕೂ ಹೆಚ್ಚು ಅಂಗಡಿಗಳು ಮುಚ್ಚಿದವು. 2019ರ ಮೇ ತಿಂಗಳಲ್ಲಿ ಉಭಯ ಪಕ್ಷಗಳೂ ನ್ಯಾಯಾಲಯದ ಹೊರಗೆ ರಾಜಿ ಮಾಡಿಕೊಂಡವು. ಬಕ್ಷಿಯವರು ಪಾಲು ಬಿಟ್ಟು ಹೊರನಡೆದರು. ಅಂಗಡಿಗಳನ್ನು ಕೆಲವು ದಿನ ಮುಚ್ಚಿ ಪುನಃ ತೆರೆಯಲಾಯಿತು.

ಈ ಆರು ವರ್ಷಗಳ ಕಥೆಯನ್ನು ನಾವು ಇಷ್ಟು ವಿವರವಾಗಿ ಹೇಳಿದುದು ಒಂದು ಕಾರಣಕ್ಕಾಗಿ. ಇಲ್ಲಿ ಬಾಗಿಲನ್ನು ಮುಚ್ಚಿಸಿದುದು ಗೂಂಡಾಗಳ ದಂಡಲ್ಲ. ಪರವಾನಗಿಯ ಒಂದು ಕಾಗದ, ಸರಬರಾಜಿನ ಒಂದು ಲಾರಿ, ಹೆಸರಿನ ಒಂದು ಹಕ್ಕು, ಇಷ್ಟೇ ಸಾಕಾಯಿತು. ಇಂಥ ಅಂಗಡಿಯ ಬಾಗಿಲಲ್ಲಿ ಪೋಲೀಸರ ಒಂದು ತುಕಡಿಯನ್ನೇ ನಿಲ್ಲಿಸಿದ್ದರೂ ಒಲೆ ಉರಿಯುತ್ತಿರಲಿಲ್ಲ. ಪೋಲೀಸು ಕಾವಲು ಗೋಡೆಯನ್ನು ಕಾಯಬಲ್ಲುದು. ವ್ಯಾಪಾರವನ್ನು ಕಾಯುವುದು ಅದರಿಂದಾಗದು. ಈ ಭೇದವನ್ನು ವಾಚಕರು ಮನಸ್ಸಿನಲ್ಲಿ ಇಟ್ಟುಕೊಂಡರೆ ಮುಂದಿನ ವಿಚಾರವೆಲ್ಲ ಸುಲಭವಾಗುತ್ತದೆ.

ರಕ್ಷಣೆಯ ಆಜ್ಞೆ ಹುಟ್ಟುವ ಬಗೆ

ಪೋಲೀಸರ ರಕ್ಷಣೆಯ ಆಜ್ಞೆ ತಾನಾಗಿಯೇ ಹುಟ್ಟುವುದಿಲ್ಲ. ಮೊದಲು ಒಂದು ಸಿವಿಲ್ ದಾವೆ ಇರಬೇಕು. ಮೂರು ಲಕ್ಷ ರೂಪಾಯಿ ಅಥವಾ ಅದಕ್ಕೆ ಮೇಲ್ಪಟ್ಟ ವಾಣಿಜ್ಯ ವ್ಯಾಜ್ಯವಾದರೆ 2015ರ ವಾಣಿಜ್ಯ ನ್ಯಾಯಾಲಯಗಳ ಶಾಸನದ ಪ್ರಕಾರ ಅದು ವಾಣಿಜ್ಯ ನ್ಯಾಯಾಲಯಕ್ಕೆ ಹೋಗುತ್ತದೆ. ಆರಂಭದಲ್ಲಿ ಈ ಮಿತಿ ಒಂದು ಕೋಟಿಯಿದ್ದುದನ್ನು 2018ರಲ್ಲಿ ಇಳಿಸಲಾಯಿತು. ಹಾಗಾಗಿ ಈಗ ಸಾಧಾರಣ ಹೋಟೆಲಿನ ಪಾಲುಗಾರಿಕೆಯ ಜಗಳವೂ ಅಲ್ಲಿಗೇ ಸೇರಬಹುದು. ತುರ್ತು ಪರಿಹಾರ ಬೇಕಿಲ್ಲದಿದ್ದರೆ ದಾವೆಗೆ ಮುಂಚೆ ಮಧ್ಯಸ್ಥಿಕೆಯ ಪ್ರಯತ್ನವನ್ನು ಮಾಡಲೇಬೇಕೆಂದು ಆ ಶಾಸನವು ವಿಧಿಸಿದೆ.

ದಾವೆಯಲ್ಲಿ ವಾದಿಯು ತಡೆಯಾಜ್ಞೆಯನ್ನು ಕೇಳುತ್ತಾನೆ. ಆಸ್ತಿ ತನ್ನ ಸ್ವಾಧೀನದಲ್ಲಿದೆ, ಪ್ರತಿವಾದಿ ಅಡ್ಡಿಪಡಿಸುತ್ತಿದ್ದಾನೆ ಎಂದು ಮೇಲ್ನೋಟಕ್ಕೆ ತೋರಿಸಿಕೊಟ್ಟರೆ ನ್ಯಾಯಾಲಯವು ತಡೆಯಾಜ್ಞೆಯನ್ನು ಕೊಡಬಹುದು. ಆಜ್ಞೆಯನ್ನು ಮೀರಿದವನ ಆಸ್ತಿಯನ್ನು ಜಪ್ತಿ ಮಾಡುವುದಕ್ಕೂ ಅವನನ್ನು ಮೂರು ತಿಂಗಳವರೆಗೆ ಸಿವಿಲ್ ಬಂದೀಖಾನೆಯಲ್ಲಿ ಇಡುವುದಕ್ಕೂ ಸಿವಿಲ್ ಪ್ರಕ್ರಿಯಾ ಸಂಹಿತೆಯಲ್ಲಿ ಅವಕಾಶವುಂಟು. ಆದರೆ ಶಿಕ್ಷೆ ಆಗುವ ಹೊತ್ತಿಗೆ ಅಂಗಡಿ ಕೈತಪ್ಪಿರುತ್ತದೆ. ಊರು ಕೊಳ್ಳೆಹೋದ ಮೇಲೆ ಕೋಟೆಯ ಬಾಗಿಲು ಹಾಕಿದಂತಾಗುತ್ತದೆ. ಆದುದರಿಂದ ಅದೇ ಸಂಹಿತೆಯ 151ನೆಯ ಕಲಮಿನ ಸಹಜಾಧಿಕಾರದಿಂದ ನ್ಯಾಯಾಲಯವು ಆಜ್ಞೆಯ ಪಾಲನೆಗೆ ನೆರವಾಗಬೇಕೆಂದು ಠಾಣಾಧಿಕಾರಿಗೆ ನಿರ್ದೇಶಿಸಬಹುದು. ಮೀರಾ ಚೌಹಾಣ್ ವಿರುದ್ಧ ಹರ್ಷ್ ಬಿಷ್ಣೋಯ್ ಎಂಬ ಪ್ರಕರಣದಲ್ಲಿ ಸರ್ವೋಚ್ಚ ನ್ಯಾಯಾಲಯವು ಈ ಅಧಿಕಾರವನ್ನು ಸ್ಪಷ್ಟವಾಗಿ ಎತ್ತಿಹಿಡಿದಿದೆ.

ಹೀಗೆ ಹುಟ್ಟಿದ ಆಜ್ಞೆಯ ಪ್ರತಿ ಠಾಣೆಗೆ ತಲುಪುತ್ತದೆ. ಅದರಲ್ಲಿ ಬರೆದ ವಿಳಾಸಕ್ಕೆ, ಬರೆದ ಹೆಸರಿನವರಿಗೆ, ಬರೆದ ಕಾರ್ಯಕ್ಕೆ ಮಾತ್ರ ಪೋಲೀಸರು ನೆರವಾಗಬಹುದು. ರಾಜಧಾನಿ ಪ್ರದೇಶದಲ್ಲಿ ಇದಕ್ಕೊಂದು ತೊಡಕುಂಟು. ದಿಲ್ಲಿಯ ಪೋಲೀಸರು ಕೇಂದ್ರದ ಗೃಹ ಮಂತ್ರಾಲಯಕ್ಕೆ ಸೇರಿದವರು. ಗುರುಗ್ರಾಮದವರು ಹರಿಯಾಣ ಸರ್ಕಾರಕ್ಕೂ, ನೋಯ್ಡಾದವರು ಉತ್ತರ ಪ್ರದೇಶ ಸರ್ಕಾರಕ್ಕೂ ಅಧೀನರು. ಒಂದೇ ಮೆಟ್ರೋ ಗಾಡಿಯಲ್ಲಿ ಮೂರು ಕಡೆಗೂ ಹೋಗಿಬರುವ ನಮಗೆ ಇದೆಲ್ಲ ಒಂದೇ ಊರೆಂದು ತೋರಿದರೂ ಕಾಯಿದೆಯ ಕಣ್ಣಿಗೆ ಅದು ಮೂರು ರಾಜ್ಯಗಳ ವ್ಯವಹಾರ.

ಪೋಲೀಸರು ನ್ಯಾಯಾಧೀಶರಲ್ಲ

ಈ ರಕ್ಷಣೆಯ ಎಲ್ಲೆಯನ್ನು ಸರ್ವೋಚ್ಚ ನ್ಯಾಯಾಲಯವು ಪದೇ ಪದೇ ಗುರುತಿಸಿದೆ. 2006ರಲ್ಲಿ ಕೇರಳದಿಂದ ಬಂದ ಪಿ. ಆರ್. ಮುರಳೀಧರನ್ ಪ್ರಕರಣದಲ್ಲಿ ಅದು ಹೇಳಿದುದರ ತಾತ್ಪರ್ಯವಿಷ್ಟು: ಹಕ್ಕು ಯಾರದೆಂಬುದೇ ವಿವಾದದಲ್ಲಿರುವಾಗ, ಉಚ್ಚ ನ್ಯಾಯಾಲಯದಲ್ಲಿ ರಿಟ್ ಅರ್ಜಿ ಹಾಕಿ ಪೋಲೀಸರ ರಕ್ಷಣೆಯ ಹೆಸರಿನಲ್ಲಿ ಆ ಹಕ್ಕನ್ನು ಹಿಂಬಾಗಿಲಿನಿಂದ ಗಿಟ್ಟಿಸಿಕೊಳ್ಳಲಾಗದು, ಮೊದಲು ಸಿವಿಲ್ ನ್ಯಾಯಾಲಯದಲ್ಲಿ ಹಕ್ಕನ್ನು ಸ್ಥಾಪಿಸಬೇಕು.

ಸ್ವಾಧೀನದ ವಿಷಯದಲ್ಲಿಯೂ ನಿಯಮವು ಅಷ್ಟೇ ಸ್ಪಷ್ಟವಾಗಿದೆ. 1989ರಲ್ಲಿ ಕೃಷ್ಣ ರಾಮ ಮಹಾಲೆ ಪ್ರಕರಣದಲ್ಲಿಯೂ, ಕರ್ನಾಟಕದಿಂದ ಹೋದ ರಾಮೇಗೌಡ ವಿರುದ್ಧ ವರದಪ್ಪ ನಾಯ್ಡು ಪ್ರಕರಣದಲ್ಲಿ 2003ರಲ್ಲಿಯೂ ಸರ್ವೋಚ್ಚ ನ್ಯಾಯಾಲಯವು ಒಂದೇ ಮಾತನ್ನು ಹೇಳಿತು. ಒಬ್ಬನು ಆಸ್ತಿಯಲ್ಲಿ ನೆಲೆಯೂರಿ ಸ್ವಾಧೀನದಲ್ಲಿದ್ದರೆ ನಿಜವಾದ ಒಡೆಯನೂ ಕಾಯಿದೆಯ ಮಾರ್ಗದಿಂದಲ್ಲದೆ ಬಲದಿಂದ ಅವನನ್ನು ಹೊರಹಾಕುವಂತಿಲ್ಲ. ಹಾಗೆ ಬಲದಿಂದ ಹೊರಹಾಕಲ್ಪಟ್ಟವನು ಆರು ತಿಂಗಳೊಳಗೆ ದಾವೆ ಹೂಡಿದರೆ, ಒಡೆತನದ ಪ್ರಶ್ನೆಯನ್ನೇ ಎತ್ತದೆ ಸ್ವಾಧೀನವನ್ನು ಮರಳಿ ಪಡೆಯಬಹುದೆಂದು 1963ರ ನಿರ್ದಿಷ್ಟ ಪರಿಹಾರ ಶಾಸನದ 6ನೆಯ ಕಲಮು ವಿಧಿಸುತ್ತದೆ. ಬಾಡಿಗೆಯ ಕಟ್ಟಡದಲ್ಲಿ ಹೋಟೆಲು ನಡೆಸುವ ನಮ್ಮವರಿಗೆ ಇದು ಬೆಲೆಯುಳ್ಳ ಆಸರೆ. 1958ರ ದಿಲ್ಲಿ ಬಾಡಿಗೆ ನಿಯಂತ್ರಣ ಶಾಸನಕ್ಕೆ ಒಳಪಟ್ಟ ಕಟ್ಟಡವಾದರೆ, ಮಾಲೀಕನು ನೀರು, ದೀಪ ಮೊದಲಾದ ಅಗತ್ಯ ಸೌಕರ್ಯಗಳನ್ನು ಕಡಿದು ಬಾಡಿಗೆದಾರನನ್ನು ಓಡಿಸಲು ಯತ್ನಿಸುವುದನ್ನೂ ಕಾಯಿದೆ ನಿಷೇಧಿಸಿದೆ.

ಇದರಿಂದ ಹೊರಡುವ ತಥ್ಯ ಒಂದೇ. ಪೋಲೀಸರು ಇದ್ದ ಸ್ಥಿತಿಯನ್ನು ಕಾಯಬೇಕೇ ಹೊರತು ಹೊಸ ಸ್ಥಿತಿಯನ್ನು ಸೃಷ್ಟಿಸಬಾರದು. ಒಬ್ಬನನ್ನು ಒಳಗೆ ಬಿಟ್ಟು ಇನ್ನೊಬ್ಬನನ್ನು ಹೊರಗೆ ದಬ್ಬುವ ಕೆಲಸಕ್ಕೆ ನ್ಯಾಯಾಲಯದ ಅಮೀನನಿದ್ದಾನೆ. ಅದಕ್ಕೆ ಬೇರೆ ವಾರಂಟು ಬೇಕು. ತಡೆಯಾಜ್ಞೆಯ ಪ್ರತಿಯನ್ನು ಹಿಡಿದು ಠಾಣೆಯವರೇ ಬೀಗದ ಕೈಯನ್ನು ಕೈಬದಲಿಸಿದರೆ ಅದು ಬೇಲಿಯೇ ಎದ್ದು ಹೊಲ ಮೇಯ್ದಂತೆ. ಶಾಂತಿಭಂಗದ ಭೀತಿ ಇದ್ದರೆ ಕಾರ್ಯನಿರ್ವಾಹಕ ಮ್ಯಾಜಿಸ್ಟ್ರೇಟರು ವಿಚಾರಣೆ ನಡೆಸಿ, ಯಾರ ಸ್ವಾಧೀನವಿತ್ತೆಂದು ತೀರ್ಮಾನಿಸಲು 2024ರ ಜುಲೈ 1ರಿಂದ ಜಾರಿಯಲ್ಲಿರುವ ನಾಗರಿಕ ಸುರಕ್ಷಾ ಸಂಹಿತೆಯ 164ನೆಯ ಕಲಮು ಇದೆ. ಹಳೆಯ ಸಂಹಿತೆಯಲ್ಲಿ ಇದೇ 145ನೆಯ ಕಲಮಾಗಿತ್ತು. ಅಲ್ಲಿಯೂ ಒಡೆತನ ಯಾರದೆಂಬ ತೀರ್ಮಾನವಿಲ್ಲ.

ಸರ್ಕಾರ ಕೈಕಟ್ಟಿ ಕುಳಿತಾಗ

ಪೋಲೀಸರು ಎಲ್ಲೆ ಮೀರುವುದು ಒಂದು ಕೇಡಾದರೆ, ಅವರು ಅಲುಗಾಡದಂತೆ ಸರ್ಕಾರವೇ ತಡೆಹಿಡಿಯುವುದು ಇನ್ನೊಂದು ಕೇಡು. 1967ರಲ್ಲಿ ಪಶ್ಚಿಮ ಬಂಗಾಳದ ಸರ್ಕಾರವು, ಕಾರ್ಖಾನೆಗಳಲ್ಲಿ ಘೇರಾವ್ ನಡೆದರೆ ಕಾರ್ಮಿಕ ಮಂತ್ರಿಗಳಿಗೆ ತಿಳಿಸದೆ ಪೋಲೀಸರು ಮಧ್ಯೆ ಪ್ರವೇಶಿಸಕೂಡದೆಂಬ ಸುತ್ತೋಲೆಗಳನ್ನು ಹೊರಡಿಸಿತು. ಉಷಾ ಹೊಲಿಗೆಯಂತ್ರಗಳನ್ನು ತಯಾರಿಸುತ್ತಿದ್ದ ಜಯ್ ಎಂಜಿನಿಯರಿಂಗ್ ಕಂಪನಿಯು ಕಲ್ಕತ್ತೆಯ ಉಚ್ಚ ನ್ಯಾಯಾಲಯಕ್ಕೆ ದೂರಿತ್ತಿತು. ಅದೇ ವರ್ಷದ ಸೆಪ್ಟೆಂಬರಿನಲ್ಲಿ ನ್ಯಾಯಾಲಯವು ಆ ಸುತ್ತೋಲೆಗಳನ್ನು ರದ್ದುಮಾಡಿತು. ಕಾಯಿದೆಯು ಪೋಲೀಸರಿಗೆ ವಿಧಿಸಿದ ಕರ್ತವ್ಯವನ್ನು ಮಂತ್ರಿಗಳ ಕಾಗದವು ಕಿತ್ತುಕೊಳ್ಳಲಾರದೆಂಬುದು ಆ ತೀರ್ಪಿನ ಸಾರ.

ಐದು ದಶಕಗಳು ಕಳೆದ ಮೇಲೂ ಈ ಪ್ರಶ್ನೆ ಹಳತಾಗಲಿಲ್ಲ. ದಿಲ್ಲಿಯ ಸಿಂಘು, ಟಿಕ್ರಿ ಗಡಿಗಳಲ್ಲಿ ರೈತರು ಬೀಡುಬಿಟ್ಟಿದ್ದ ಕಾಲದಲ್ಲಿ, 2021ರ ಜನವರಿಯಲ್ಲಿ, ಪಂಜಾಬಿನಲ್ಲಿ ತನ್ನ 1,500ಕ್ಕೂ ಹೆಚ್ಚು ಗೋಪುರಗಳಿಗೆ ಹಾನಿಯಾಗಿದೆಯೆಂದು ಹೇಳಿ ರಿಲಯನ್ಸ್ ಜಿಯೋ ಕಂಪನಿಯು ರಕ್ಷಣೆಗಾಗಿ ಪಂಜಾಬ್ ಮತ್ತು ಹರಿಯಾಣ ಉಚ್ಚ ನ್ಯಾಯಾಲಯದ ಮೊರೆಹೊಕ್ಕಿತು. ರೈತರ ಬೇಡಿಕೆಯ ನ್ಯಾಯಾನ್ಯಾಯ ಬೇರೆ; ಗೋಪುರದ ತಂತಿ ಕಡಿದರೆ ಮಾತು ನಿಲ್ಲುವುದು ಕಂಪನಿಯ ಯಜಮಾನನದಲ್ಲ, ಹಳ್ಳಿಯ ಬಡವನದು.

ನಮ್ಮ ನಾಡಿಗೆ ಸಂಬಂಧಿಸಿದ ಉದಾಹರಣೆ ಇನ್ನೂ ಹಸಿಯಾಗಿದೆ. 2025ರ ಮೇ ತಿಂಗಳಲ್ಲಿ ನಟ ಕಮಲಹಾಸನರು ಕನ್ನಡವು ತಮಿಳಿನಿಂದ ಹುಟ್ಟಿತೆಂಬ ಅರ್ಥದ ಮಾತನ್ನಾಡಿದರು. ಕನ್ನಡಿಗರು ನೊಂದರು. ಆ ನೋವು ಸಹಜವಾದುದೇ. ಎರಡು ಭಾಷೆಗಳೂ ಒಂದೇ ಮೂಲದ್ರಾವಿಡದಿಂದ ಕವಲೊಡೆದ ಸೋದರಿಯರೆಂದು ಭಾಷಾಶಾಸ್ತ್ರಜ್ಞರು ಹೇಳುತ್ತಿರುವಾಗ ಇಂಥ ಮಾತು ಸಲ್ಲದು. ಕ್ಷಮೆ ಕೇಳದ ಹೊರತು ಅವರ ‘ಥಗ್ ಲೈಫ್’ ಚಿತ್ರವನ್ನು ಕರ್ನಾಟಕದಲ್ಲಿ ತೋರಿಸಲಾಗದೆಂದು ಚಲನಚಿತ್ರ ವಾಣಿಜ್ಯ ಮಂಡಳಿ ಹೇಳಿತು. ನಿರ್ಮಾಪಕರು ರಕ್ಷಣೆಗಾಗಿ ಕರ್ನಾಟಕ ಉಚ್ಚ ನ್ಯಾಯಾಲಯಕ್ಕೆ ಹೋದಾಗ ಕ್ಷಮೆಯ ಪ್ರಶ್ನೆಯೇ ಅಲ್ಲಿ ಮುಂದೆ ಬಂತು. ಜೂನ್ 5ರಂದು ಚಿತ್ರವು ಬೇರೆಡೆ ತೆರೆಕಂಡರೂ ಕರ್ನಾಟಕದಲ್ಲಿ ತೆರೆಕಾಣಲಿಲ್ಲ. ವಿಷಯವು ದಿಲ್ಲಿಗೆ, ಸರ್ವೋಚ್ಚ ನ್ಯಾಯಾಲಯಕ್ಕೆ ಬಂತು. ಪ್ರಮಾಣಪತ್ರ ಪಡೆದ ಚಿತ್ರವನ್ನು ಬೆದರಿಕೆಯಿಂದ ನಿಲ್ಲಿಸಗೊಡಬಾರದು, ಬೀದಿಯ ಗುಂಪಿನ ಕೈಗೆ ಕಾನೂನನ್ನು ಒಪ್ಪಿಸಲಾಗದು ಎಂದು ನ್ಯಾಯಮೂರ್ತಿಗಳು ಜೂನ್ 17ರಂದು ಹೇಳಿದರು. ರಕ್ಷಣೆ ಕೊಡುವುದಾಗಿ ರಾಜ್ಯ ಸರ್ಕಾರವು ಒಪ್ಪಿಕೊಂಡುದರಿಂದ ಜೂನ್ 19ರಂದು ವಿಷಯ ಮುಗಿಯಿತು. ಅಷ್ಟರಲ್ಲಿ ಚಿತ್ರವು ಬೇರೆಡೆ ಬಿಡುಗಡೆಯಾಗಿ ಎರಡು ವಾರ ಕಳೆದಿತ್ತು. ವ್ಯಾಪಾರದಲ್ಲಿ ತಡವಾಗಿ ಬಂದ ರಕ್ಷಣೆ ಅರ್ಧ ರಕ್ಷಣೆ.

ಪರಸ್ಥಳದವರ ದೃಷ್ಟಿಯಿಂದ

ಈ ಪ್ರಸಂಗದಲ್ಲಿ ನಮ್ಮ ಅಭಿಮತವನ್ನು ಮರೆಮಾಚದೆ ಹೇಳುತ್ತೇವೆ. ಭಾಷೆಯ ಮಾನಕ್ಕಾಗಿ ಲೇಖನಿ ಹಿಡಿಯಬಹುದು, ಸಭೆ ಸೇರಬಹುದು, ಚಿತ್ರವನ್ನು ನೋಡದೆ ಇರಬಹುದು. ಚಿತ್ರಮಂದಿರಕ್ಕೆ ಬೆಂಕಿಯ ಬೆದರಿಕೆ ಹಾಕಬಾರದು. ಪರಊರಿನಲ್ಲಿ ದುಡಿದು ತಿನ್ನುವ ನಮಗಿಂತ ಹೆಚ್ಚಾಗಿ ಈ ಮಾತಿನ ಬೆಲೆಯನ್ನು ತಿಳಿದವರು ಯಾರು? 1960ರ ದಶಕದ ಕೊನೆಯಲ್ಲಿ ಮುಂಬಯಿಯಲ್ಲಿ ದಕ್ಷಿಣದವರ ವಿರುದ್ಧ ಚಳವಳಿ ಎದ್ದಾಗ ಕಲ್ಲು ಬಿದ್ದುದು ಉಡುಪಿಯವರ ಉಪಾಹಾರಗೃಹಗಳ ಮೇಲೆ. 2016ರ ಸೆಪ್ಟೆಂಬರ್ 12ರಂದು ಕಾವೇರಿಯ ಕಾವಿನಲ್ಲಿ ಚೆನ್ನೈಯ ನ್ಯೂ ವುಡ್‌ಲ್ಯಾಂಡ್ಸ್ ಹೋಟೆಲಿನ ಮೇಲೆ ಪೆಟ್ರೋಲ್ ಬಾಂಬು ಎಸೆಯಲಾಯಿತು. ಅದೇ ದಿನ ಬೆಂಗಳೂರಿನಲ್ಲಿ ತಮಿಳರೊಬ್ಬರ ಸಾರಿಗೆ ಸಂಸ್ಥೆಯ 40ಕ್ಕೂ ಹೆಚ್ಚು ಬಸ್ಸುಗಳು ಸುಟ್ಟು ಬೂದಿಯಾದವು. ಎರಡು ಊರುಗಳಲ್ಲಿಯೂ ಉರಿಯಿತ್ತವರಿಗೆ ನದಿಯ ನೀರು ಒಂದು ಬಿಂದುವೂ ಹೆಚ್ಚು ದೊರೆಯಲಿಲ್ಲ. ಕೆಲಸ ಕಳೆದುಕೊಂಡವರು ಚಾಲಕರು ಮತ್ತು ಮಾಣಿಗಳು.

ಕಾಯಿದೆಯ ರಕ್ಷಣೆಯನ್ನು ಪರಊರಿನಲ್ಲಿ ಬೇಡುವವನು ಅದನ್ನು ತನ್ನ ಊರಿನಲ್ಲಿ ಪರರಿಗೆ ನಿರಾಕರಿಸಲಾರ. ದಿಲ್ಲಿಯಲ್ಲಿ ನಮ್ಮ ಸಂಖ್ಯೆ ಎಷ್ಟು? ನಮಗಾಗಿ ಬೀದಿಗಿಳಿಯುವ ಗುಂಪು ಇಲ್ಲಿ ಎಲ್ಲಿದೆ? ಸಂಖ್ಯಾಬಲವಿಲ್ಲದವನಿಗೆ ನ್ಯಾಯಾಲಯದ ಕಾಗದವೇ ಬಲ. ಆ ಕಾಗದದ ಮರ್ಯಾದೆ ಎಲ್ಲಿ ಕುಂದಿದರೂ ನಷ್ಟ ನಮಗೇ ಮೊದಲು.

ಕಾರ್ಮಿಕರ ಸಂಘಗಳೂ ಇದನ್ನು ಅರಿಯಬೇಕು. ಕಾಸರಗೋಡಿನ ನಮ್ಮ ಬಂಧುಗಳಿಗೆ ‘ನೋಕ್ಕುಕೂಲಿ’ ಎಂಬ ಪದದ ಪರಿಚಯವುಂಟು. ಹೊರೆಯನ್ನು ಮುಟ್ಟದೆ, ಬರಿದೆ ನೋಡುತ್ತ ನಿಂತು ಕೂಲಿ ಕೇಳುವ ಪದ್ಧತಿಯದು. ಅದರಿಂದ ಬೇಸತ್ತ ವ್ಯಾಪಾರಿಗಳು ಪೋಲೀಸರ ರಕ್ಷಣೆ ಕೋರಿ ಕೇರಳ ಉಚ್ಚ ನ್ಯಾಯಾಲಯಕ್ಕೆ ಸಾಲುಗಟ್ಟಿದರು. 2018ರ ಮೇ 1ರಿಂದ ಸರ್ಕಾರವೇ ಅದನ್ನು ನಿಷೇಧಿಸಬೇಕಾಯಿತು. ಆದರೆ ನ್ಯಾಯವಾದ ಮುಷ್ಕರವು ನೋಕ್ಕುಕೂಲಿಯಲ್ಲ. ಒಡೆಯನ ಆವರಣದೊಳಗೆ ಸಭೆ ಸೇರುವ ಮೂಲಭೂತ ಹಕ್ಕು ನೌಕರರಿಗಿಲ್ಲವೆಂದು ಸರ್ವೋಚ್ಚ ನ್ಯಾಯಾಲಯವು 1969ರಲ್ಲಿ ರೈಲ್ವೆ ಮಂಡಳಿಯ ಪ್ರಕರಣದಲ್ಲಿ ಹೇಳಿದುದು ನಿಜ. ಹೊರಗೆ ಶಾಂತವಾಗಿ ನಿಂತು ಸಂಬಳ ಕೇಳುವುದು ಅಪರಾಧವೆಂದು ಯಾವ ನ್ಯಾಯಾಲಯವೂ ಹೇಳಿಲ್ಲ. ಗೂಂಡಾಗಳ ವಿರುದ್ಧ ತಂದ ರಕ್ಷಣೆಯ ಆಜ್ಞೆಯನ್ನು ಸಂಬಳ ಕೇಳಲು ಬಂದ ಹುಡುಗರ ಮೇಲೆ ಬೀಸುವ ಒಡೆಯರು ಆ ಆಜ್ಞೆಗೇ ಅಪಚಾರ ಮಾಡುತ್ತಾರೆ.

ಆಜ್ಞೆಯಲ್ಲಿ ಬರೆಯದೆ ಉಳಿದ ವಾಕ್ಯ

ಈಗ ಮುಖ್ಯ ಪ್ರಶ್ನೆಗೆ ಬರೋಣ. ರಕ್ಷಣೆಯ ಆಜ್ಞೆಯಲ್ಲಿ ಕಟ್ಟಡದ ಎಲ್ಲೆಕಟ್ಟು ಇರುತ್ತದೆ, ಯಂತ್ರಸಾಮಗ್ರಿಯ ಮಾತು ಇರುತ್ತದೆ, ಲೆಕ್ಕದ ಪುಸ್ತಕಗಳ ಮಾತು ಇರುತ್ತದೆ. ಒಳಗೆ ದುಡಿಯುವವರಿಗೆ ಈ ತಿಂಗಳ ಸಂಬಳವನ್ನು ಯಾರು ಕೊಡಬೇಕೆಂಬ ವಾಕ್ಯವು ಸಾಮಾನ್ಯವಾಗಿ ಇರುವುದಿಲ್ಲ. ಅವರು ದಾವೆಯಲ್ಲಿ ವಾದಿಗಳೂ ಅಲ್ಲ, ಪ್ರತಿವಾದಿಗಳೂ ಅಲ್ಲ. ವಾದಿಯು, ಗಲ್ಲಾ ಅವನ ಕೈಯಲ್ಲಿದೆ, ಅವನೇ ಕೊಡಲಿ ಎನ್ನುವನು. ಪ್ರತಿವಾದಿಯು, ವ್ಯವಹಾರ ತಡೆದವನು ಅವನು, ಅವನೇ ತೆರಲಿ ಎನ್ನುವನು. ಕೋರ್ಟಿಗೆ ಹೋದವರಲ್ಲಿ ಗೆದ್ದವನು ಸೋತ, ಸೋತವನು ಸತ್ತ ಎಂಬುದು ಲೋಕೋಕ್ತಿ. ಕೋರ್ಟಿಗೆ ಹೋಗದವನ ಗತಿಯನ್ನು ಆ ಲೋಕೋಕ್ತಿಯೂ ಹೇಳಿಲ್ಲ.

ಇದು ಕಾಯಿದೆಯಲ್ಲಿ ಅಸಾಧ್ಯವಾದ ವಿಷಯವೇನಲ್ಲ. ಪೋಲೀಸರ ನೆರವು ಕೊಡಿಸುವ ಸಹಜಾಧಿಕಾರವು ಯಾವ ನ್ಯಾಯಾಲಯಕ್ಕಿದೆಯೋ ಅದೇ ನ್ಯಾಯಾಲಯಕ್ಕೆ, ವ್ಯಾಪಾರದ ದಿನದ ಆದಾಯದಿಂದ ಮೊದಲು ನೌಕರರ ಸಂಬಳವನ್ನು ಪಾವತಿ ಮಾಡತಕ್ಕದ್ದೆಂದು ಷರತ್ತು ವಿಧಿಸುವ ಅಧಿಕಾರವೂ ಇದೆ. ಉಭಯ ಪಕ್ಷಗಳಲ್ಲಿಯೂ ನಂಬಿಕೆಯಿಲ್ಲದಿದ್ದರೆ ರಿಸೀವರನನ್ನು ನೇಮಿಸಿ, ವ್ಯಾಜ್ಯ ತೀರುವವರೆಗೆ ವ್ಯಾಪಾರವನ್ನು ಅವನಿಂದ ನಡೆಸಬಹುದು. ದುಡಿಯುವವರ ಮಾತನ್ನು ಕೇಳಬೇಕೆಂಬುದಕ್ಕೆ ಉನ್ನತ ಆಧಾರವೂ ಉಂಟು. 1982ರ ಡಿಸೆಂಬರಿನಲ್ಲಿ ರಾಷ್ಟ್ರೀಯ ಜವಳಿ ಕಾರ್ಮಿಕರ ಸಂಘದ ಪ್ರಕರಣದಲ್ಲಿ, ಕಂಪನಿಯೊಂದನ್ನು ಸಮಾಪ್ತಿಗೊಳಿಸುವ ಅರ್ಜಿಯ ವಿಚಾರಣೆಯಲ್ಲಿ ಹಾಜರಾಗಿ ತಮ್ಮ ಮಾತನ್ನು ಹೇಳಿಕೊಳ್ಳುವ ಹಕ್ಕು ಕಾರ್ಮಿಕರಿಗಿದೆಯೆಂದು ಸರ್ವೋಚ್ಚ ನ್ಯಾಯಾಲಯದ ಸಂವಿಧಾನ ಪೀಠವು ಬಹುಮತದಿಂದ ತೀರ್ಪಿತ್ತಿತು. ಬಂಡವಾಳ ಹಾಕಿದವನು ಹಣವನ್ನು ಹಾಕಿದ್ದಾನೆ, ದುಡಿಯುವವನು ಬದುಕನ್ನೇ ಹಾಕಿದ್ದಾನೆ ಎಂಬುದನ್ನು ಮನಗಂಡ ತೀರ್ಪು ಅದು. ಕಂಪನಿ ಸಾಯುವಾಗ ಕೇಳುವ ಮಾತನ್ನು ಅದು ಕಾಯಿಲೆ ಬಿದ್ದಾಗಲೇ ಏಕೆ ಕೇಳಬಾರದು?

ಪೋಲೀಸರ ರಕ್ಷಣೆಯನ್ನು ಕೊಡುವ ಪ್ರತಿಯೊಂದು ಆಜ್ಞೆಯಲ್ಲಿಯೂ ಸಂಬಳದ ಒಂದು ವಾಕ್ಯವು ಇರಬೇಕೆಂಬುದು ನಮ್ಮ ಖಚಿತವಾದ ಅಭಿಪ್ರಾಯ. ಅರ್ಜಿ ಬರೆಯುವ ವಕೀಲರು ಅದನ್ನು ಕೇಳಲಿ. ಆಜ್ಞೆ ಬರೆಯುವ ನ್ಯಾಯಾಧೀಶರು ಅದನ್ನು ಸೇರಿಸಲಿ. ಹೀಗಾದರೆ ಒಡೆಯರಿಗೂ ಲಾಭವೇ. ಸಂಬಳ ಬರುವುದೆಂಬ ಭರವಸೆಯಿದ್ದ ಅಡಿಗೆಯವನು ವ್ಯಾಜ್ಯದ ಕಾಲದಲ್ಲಿ ಬೇರೆ ಹೋಟೆಲಿಗೆ ಓಡುವುದಿಲ್ಲ. ರುಚಿ ಕೆಡದೆ, ಗಿರಾಕಿ ತಪ್ಪದೆ, ವ್ಯಾಜ್ಯ ತೀರಿದ ದಿನ ಗೆದ್ದವನಿಗೆ ನಡೆಯುವ ಅಂಗಡಿ ಸಿಗುತ್ತದೆ. ಬರಿಯ ಗೋಡೆಗಳು ಮಾತ್ರ ಸಿಗುವುದಿಲ್ಲ.

ನಮ್ಮವರು ಮಾಡಬೇಕಾದದ್ದು

ಅಂಥ ದಿನ ಬರುವವರೆಗೆ ನಮ್ಮವರು ಕೆಲವು ಎಚ್ಚರಿಕೆಗಳನ್ನು ಪಾಲಿಸುವುದು ಒಳಿತು. ಮೊದಲನೆಯದು ಕಾಗದದ ಎಚ್ಚರ. 2025ರ ನವೆಂಬರ್ 21ರಂದು ಜಾರಿಗೆ ಬಂದ ಹೊಸ ಕಾರ್ಮಿಕ ಸಂಹಿತೆಗಳಲ್ಲಿ ನೇಮಕಪತ್ರವನ್ನು ಕೊಡಬೇಕೆಂಬ ವಿಧಿಯಿದೆ. ಅದನ್ನು ಕೇಳಿ ಪಡೆಯಿರಿ. ಸಂಬಳವು ಬ್ಯಾಂಕಿನ ಮೂಲಕ ಬಂದರೆ ಪುರಾವೆ ತಾನಾಗಿಯೇ ಉಳಿಯುತ್ತದೆ. ಕೈಗೆ ಬಂದರೆ ಸಹಿ ಮಾಡಿದ ಚೀಟಿಯನ್ನು ಉಳಿಸಿಕೊಳ್ಳಿ. ಭವಿಷ್ಯನಿಧಿಯ ನಿಮ್ಮ ಸಂಖ್ಯೆಯನ್ನು ಬರೆದಿಟ್ಟುಕೊಂಡು ಅದಕ್ಕೆ ಹಣ ಸೇರುತ್ತಿದೆಯೇ ಎಂದು ನೋಡುತ್ತಿರಿ. ಅಂಗಡಿ ಮುಚ್ಚಿ ಕೆಲಸ ಹೋದರೆ ಬಾಕಿ ಸಂಬಳವನ್ನು ಎರಡು ಕೆಲಸದ ದಿನಗಳೊಳಗೆ ಕೊಡಬೇಕೆಂದು ವೇತನ ಸಂಹಿತೆ ವಿಧಿಸುತ್ತದೆ. ಕೊಡದಿದ್ದರೆ ಮೂರು ವರ್ಷದೊಳಗೆ ತಕ್ಕ ಅಧಿಕಾರಿಯ ಮುಂದೆ ದೂರು ಕೊಡಬಹುದು.

ಎರಡನೆಯದು ದೇಹದ ಎಚ್ಚರ. ಹೋಟೆಲಿನಲ್ಲಿಯೇ ಉಂಡು, ಅಲ್ಲಿಯೇ ಅಟ್ಟದ ಮೇಲೆ ಮಲಗುವ ನಮ್ಮ ಹುಡುಗರು ಅನೇಕರಿದ್ದಾರೆ. ವ್ಯಾಜ್ಯ ಬಂದಾಗ ಪಾಲುಗಾರನೊಬ್ಬನು, ಬಾಗಿಲಲ್ಲಿ ಅಡ್ಡ ನಿಲ್ಲು, ಯಾರನ್ನೂ ಬಿಡಬೇಡ ಎಂದು ಅವರಿ‍ಗೆ ಹೇಳಬಹುದು. ಕಾವಲುಗಾರನಾಗಲಿ ಸೇವಕನಾಗಲಿ ಎಷ್ಟು ದೀರ್ಘಕಾಲ ಕಟ್ಟಡದಲ್ಲಿದ್ದರೂ ಅವನಿಗೆ ಆಸ್ತಿಯಲ್ಲಿ ಹಕ್ಕು ಹುಟ್ಟುವುದಿಲ್ಲವೆಂದು ಸರ್ವೋಚ್ಚ ನ್ಯಾಯಾಲಯವು 2012ರಲ್ಲಿ ಗೋವೆಯ ಒಂದು ಪ್ರಕರಣದಲ್ಲಿ ಸಾರಿದೆ. ಅಡ್ಡ ನಿಂತವನಿಗೆ ಆಸ್ತಿಯೂ ಸಿಗದು. ನ್ಯಾಯಾಲಯದ ಆಜ್ಞೆಗೆ ಅಡ್ಡಿಮಾಡಿದ ಅಪವಾದ ಮಾತ್ರ ತಲೆಗೆ ಬರುವುದು. ನ್ಯಾಯಾಲಯದ ನಿಂದನೆಗೆ 1971ರ ಶಾಸನದಲ್ಲಿ ಆರು ತಿಂಗಳವರೆಗೆ ಸೆರೆವಾಸವಿದೆ. ಯಜಮಾನನ ಉಪ್ಪು ತಿಂದ ಋಣವನ್ನು ಒಲೆಯ ಮುಂದೆ ತೀರಿಸಬಹುದು. ಅವನ ವ್ಯಾಜ್ಯಕ್ಕಾಗಿ ಬಂದೀಖಾನೆಯಲ್ಲಿ ತೀರಿಸಬೇಕಾಗಿಲ್ಲ.

ಮೂರನೆಯದು ಗುಮಾಸ್ತರಿಗೆ. ವ್ಯಾಜ್ಯ ಆರಂಭವಾದ ಮೇಲೆ ಲೆಕ್ಕದ ಪುಸ್ತಕವನ್ನು ತಿದ್ದೆಂದು ಯಾರು ಹೇಳಿದರೂ ತಿದ್ದಬೇಡಿ. ಪುಸ್ತಕವನ್ನು ಯಾರ ಮನೆಗೂ ಒಯ್ಯಬೇಡಿ. ಪೋಲೀಸರು ಬಂದರೆ ಆಜ್ಞೆಯ ಪ್ರತಿಯನ್ನು ತೋರಿಸಿರೆಂದು ವಿನಯದಿಂದ ಕೇಳಿ. ಯಾವ ನ್ಯಾಯಾಲಯ, ಯಾವ ದಿನಾಂಕ, ಯಾವ ವಿಳಾಸ, ಏನು ಮಾಡಲು ಹೇಳಿದೆ ಎಂಬ ನಾಲ್ಕನ್ನು ಬರೆದುಕೊಳ್ಳಿ. ಪರವಾನಗಿಗಳ ಅವಧಿಯ ಮೇಲೆ ಸದಾ ಕಣ್ಣಿರಲಿ. ದಿಲ್ಲಿಯಲ್ಲಿ ಉಪಾಹಾರಗೃಹಗಳಿಗೆ ಪೋಲೀಸರು ಕೊಡುತ್ತಿದ್ದ ಪರವಾನಗಿಯ ಅಧಿಕಾರವನ್ನು 2025ರ ಜೂನ್‌ನಲ್ಲಿ ಪೌರಸಂಸ್ಥೆಗಳಿಗೆ ವರ್ಗಾಯಿಸಲಾಗಿದೆ. ಕಚೇರಿ ಬದಲಾದರೂ ಅವಧಿ ಮೀರಿದರೆ ಬಾಗಿಲು ಮುಚ್ಚುವುದು ಬದಲಾಗಿಲ್ಲ. ಆ 43 ಅಂಗಡಿಗಳ ಗತಿಯನ್ನು ಮರೆಯುವಂತಿಲ್ಲ.

ಸ್ವಂತ ಹೋಟೆಲು ನಡೆಸುವ ನಮ್ಮ ಬಾಂಧವರಿಗೂ ಒಂದು ಮಾತು. ಅಣ್ಣತಮ್ಮಂದಿರೆಂದು, ಒಂದೇ ಊರಿನವರೆಂದು ಬಾಯಿಮಾತಿನಲ್ಲಿ ಪಾಲುಗಾರಿಕೆ ಮಾಡುವ ಪದ್ಧತಿ ನಮ್ಮಲ್ಲಿ ಬಹಳ. ನಂಬಿಕೆ ದೊಡ್ಡದು; ಆದರೆ ಬರವಣಿಗೆಯಿಂದ ನಂಬಿಕೆಗೆ ಕುಂದಿಲ್ಲ. ಬೇರ್ಪಡುವ ದಿನ ಬಾಡಿಗೆಯ ಹಕ್ಕು ಯಾರದು, ಹೋಟೆಲಿನ ಹೆಸರು ಯಾರದು, ನೌಕರರ ಬಾಕಿ ಯಾರದು ಎಂಬ ಮೂರು ವಾಕ್ಯಗಳನ್ನು ಸ್ನೇಹವಿರುವಾಗಲೇ ಬರೆದಿಟ್ಟರೆ ಮುಂದೆ ಪೋಲೀಸರ ಬೆಂಚಿಗೆ ಅಂಗಡಿಯ ಬಾಗಿಲಲ್ಲಿ ಸ್ಥಳ ಬೇಕಾಗುವುದಿಲ್ಲ.

ಬಲವಿದ್ದವನು ಗೆಲ್ಲುವ ಕಾಲದಿಂದ ಕಾಗದವಿದ್ದವನು ಗೆಲ್ಲುವ ಕಾಲಕ್ಕೆ ಸಮಾಜ ಬಂದಿದೆ. ಇದು ಮುನ್ನಡೆಯೇ, ಪೋಲೀಸರನ್ನು ಬಾಗಿಲಲ್ಲಿ ನಿಲ್ಲಿಸುವ ಆಜ್ಞೆಯೂ ಈ ಮುನ್ನಡೆಯ ಒಂದು ಗುರುತೇ. ಆದರೆ ಕಾಗದವಿಲ್ಲದವನು, ಎರಡು ಕೈಗಳ ಹೊರತು ಬೇರೆ ಆಸ್ತಿಯಿಲ್ಲದವನು ಆ ಬಾಗಿಲಿನ ಒಳಗಿದ್ದಾನೆ. ಅವನ ದುಡಿಮೆಯೂ ಆ ವ್ಯಾಪಾರದ ಆಸ್ತಿಯೇ ಎಂದು ನ್ಯಾಯಾಲಯಗಳು ಎಣಿಸುವಂತಾಗಲಿ ಎಂದು ನಾವು ಹಾರೈಸುತ್ತೇವೆ.